ಮಲಪ್ರಭೆಯ ಉಸುಕಿನಲ್ಲಿ ಕೂಡಿಟ್ಟ ಕಾಲ

ಕಾಲವನ್ನು ಹೊಟ್ಟೆಯೊಳಗೆ ಇಟ್ಟುಕೊಂಡ ಹರಳೊಂದು ಏಳು ಸಮುದ್ರದಾಚೆಯ ಗವಿಯಲ್ಲಿದೆ, ಅದಕ್ಕೆ ಸರ್ಪಗಾವಲಿದೆ, ಅದು ಕೈಗೆ ಸಿಕ್ಕವರಿಗೆ ಹಿಂದೆ ನಡೆದದ್ದೆಲ್ಲ ಕಾಣುತ್ತದೆ ಎಂಬ ಬಗೆಯ ಕಥೆಗಳನ್ನು ಕೇಳಿ ಬೆಳೆದವರು ನಾವು. ಇಂದಿನ ಮಕ್ಕಳು ಅದೇ ಹರಳನ್ನು ಸಿನಿಮಾಗಳಲ್ಲಿ, ವಿಡಿಯೊ ಗೇಮುಗಳಲ್ಲಿ ಕಾಣುತ್ತಾರೆ. ಕಥೆ ಯಾವುದಾದರೂ ಆ ಹರಳಿಗೆ ಮೂರು ಗುಣಗಳು ತಪ್ಪುವುದಿಲ್ಲ. ಅದು ಬಲು ಅಪರೂಪದ್ದು, ಅದರೊಳಗೆ ಶಕ್ತಿ ತುಂಬಿರುತ್ತದೆ, ಆ ಶಕ್ತಿಗೂ ಕಾಲಕ್ಕೂ ನಂಟಿರುತ್ತದೆ.

ಇವುಗಳಲ್ಲಿ ಕೊನೆಯ ಎರಡು ಗುಣಗಳಿರುವ ಹರಳು ನಿಜವಾಗಿಯೂ ಇದೆ. ಅಪರೂಪ ಎಂಬುದೊಂದೇ ಸುಳ್ಳು. ಸವದತ್ತಿ ತಾಲ್ಲೂಕಿನ ಮುನವಳ್ಳಿಯಲ್ಲಿ ಮಲಪ್ರಭೆಯ ದಂಡೆಗಿಳಿದು ಒಂದು ಹಿಡಿ ಉಸುಕು ಎತ್ತಿಕೊಂಡರೆ ಅಂಥ ಸಾವಿರಾರು ಹರಳುಗಳು ಅಂಗೈಗೆ ಬರುತ್ತವೆ. ಅದರ ಹೆಸರು ಕ್ವಾರ್ಟ್ಜ್. ಹೊಲದ ಬದುವಿನಲ್ಲಿ ಬೆಳ್ಳಗೆ ಬಿದ್ದಿದ್ದರೆ ಅದನ್ನು ಬೆಣಚುಕಲ್ಲು ಎನ್ನುತ್ತೇವೆ. ತಿಳಿಯಾಗಿ, ಮುಖಗಳೆದ್ದು ಬೆಳೆದಿದ್ದರೆ ಸ್ಫಟಿಕ ಎನ್ನುತ್ತೇವೆ. ಸಿಲಿಕಾನಿನ ಒಂದು ಪರಮಾಣುವಿಗೆ ಆಮ್ಲಜನಕದ ಎರಡರಂತೆ ಕಟ್ಟಿದ, ಭೂಮಿಯ ಮೇಲ್ಪದರದಲ್ಲಿ ಎಲ್ಲೆಡೆ ಸಿಗುವ ಖನಿಜ ಅದು. ಅಷ್ಟು ಸಾಮಾನ್ಯವಾದ ಈ ವಸ್ತು ಸಾವಿರಾರು ವರ್ಷಗಳ ಲೆಕ್ಕವನ್ನು ಇಟ್ಟುಕೊಂಡಿರುತ್ತದೆ. ಆ ಲೆಕ್ಕ ಎಷ್ಟು ಬೇಗ ಅಳಿಸಿಹೋಗುತ್ತದೆ ಎಂಬುದನ್ನೂ ಮಲಪ್ರಭೆಯ ದಂಡೆಯವರು ತಿಳಿದಿರಬೇಕು.

ಮಿಡಿಯುವ ಹರಳು

ಕ್ವಾರ್ಟ್ಜ್‌ಗೂ ಕಾಲಕ್ಕೂ ಇರುವ ಒಂದು ನಂಟು ನಮ್ಮ ಮುಂಗೈ ಮೇಲೇ ಇದೆ. ಈ ಹರಳನ್ನು ಒತ್ತಿದರೆ ಅದರಲ್ಲಿ ವಿದ್ಯುತ್ ಹುಟ್ಟುತ್ತದೆ ಎಂಬುದನ್ನು 1880ರಲ್ಲಿ ಫ್ರಾನ್ಸಿನ ಜಾಕ್ ಕ್ಯೂರಿ ಮತ್ತು ಪಿಯರ್ ಕ್ಯೂರಿ ಎಂಬ ಸೋದರರು ತೋರಿಸಿದರು. ಇದಕ್ಕೆ ತಿರುಗುಮುರುಗಾಗಿ, ವಿದ್ಯುತ್ ಹಾಯಿಸಿದರೆ ಹರಳು ಮಿಡಿಯುತ್ತದೆ. ಒಂದೇ ಅಳತೆಗೆ ಕತ್ತರಿಸಿದ ಹರಳು ಒಂದೇ ಲಯದಲ್ಲಿ ಮಿಡಿಯುವುದರಿಂದ ಅದನ್ನು ಗಡಿಯಾರಕ್ಕೆ ಹೂಡಬಹುದು. 1927ರಲ್ಲಿ ಅಮೆರಿಕದ ಬೆಲ್ ಪ್ರಯೋಗಾಲಯದಲ್ಲಿ ವಾರೆನ್ ಮ್ಯಾರಿಸನ್ ಮೊದಲ ಕ್ವಾರ್ಟ್ಜ್ ಗಡಿಯಾರ ಕಟ್ಟಿದರು. 1969ರ ಡಿಸೆಂಬರ್ 25ರಂದು ಜಪಾನಿನ ಸೀಕೊ ಕಂಪನಿ ಅದನ್ನು ಕೈಗಡಿಯಾರಕ್ಕೆ ಇಳಿಸಿತು. ಇಂದಿನ ಕೈಗಡಿಯಾರಗಳ ಹರಳು ಸೆಕೆಂಡಿಗೆ 32,768 ಸಲ ಮಿಡಿಯುತ್ತದೆ. ಆ ಸಂಖ್ಯೆಯನ್ನು ಹದಿನೈದು ಸಲ ಅರ್ಧ ಮಾಡುತ್ತ ಬಂದರೆ ಸರಿಯಾಗಿ ಒಂದು ಉಳಿಯುತ್ತದೆ. ಆ ಒಂದು ಮಿಡಿತಕ್ಕೆ ಸೆಕೆಂಡಿನ ಮುಳ್ಳು ಒಂದು ಹೆಜ್ಜೆ ಇಡುತ್ತದೆ. 1961ರಲ್ಲಿ ಸಿಟಿಜನ್ ಕಂಪನಿಯ ಸಹಯೋಗದೊಂದಿಗೆ ಬೆಂಗಳೂರಿನಲ್ಲಿ ಎಚ್‌ಎಂಟಿ ಶುರುಮಾಡಿದ, ಕೀಲಿ ಕೊಟ್ಟು ಓಡಿಸುವ ವಾಚುಗಳ ಕಾಲ ಮುಗಿದುಹೋದದ್ದು ಈ ಪುಟ್ಟ ಹರಳಿನಿಂದಲೇ.

ಈ ಹರಳಿನ ಮಿಡಿತವನ್ನು ಆಳವಾಗಿ ನೋಡಿದವರಲ್ಲಿ ಸಿ. ವಿ. ರಾಮನ್ ಒಬ್ಬರು. 1940ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಅವರು ಮತ್ತು ಟಿ. ಎಂ. ಕೆ. ನೆಡುಂಗಾಡಿ ಕ್ವಾರ್ಟ್ಜ್ ಹರಳನ್ನು ಕಾಯಿಸುತ್ತ ಹೋದರು. 573 ಡಿಗ್ರಿ ಸೆಲ್ಸಿಯಸ್‌ನಲ್ಲಿ ಈ ಹರಳಿನ ಒಳರಚನೆ ಬದಲಾಗುತ್ತದೆ. ಆ ಹಂತ ಹತ್ತಿರವಾದಂತೆ ಪರಮಾಣುಗಳ ಒಂದು ನಿರ್ದಿಷ್ಟ ಕಂಪನ ನಿಧಾನವಾಗುತ್ತ ಬರುವುದನ್ನು ಅವರು ಬೆಳಕಿನ ರೇಖೆಗಳಲ್ಲಿ ಕಂಡರು. ಘನವಸ್ತುಗಳು ಒಂದು ರೂಪದಿಂದ ಇನ್ನೊಂದಕ್ಕೆ ಹೊರಳುವುದು ಹೇಗೆ ಎಂಬ ಅಧ್ಯಯನದ ಆರಂಭದ ಹೆಜ್ಜೆಗಳಲ್ಲಿ ಅದೂ ಒಂದು.

ಕಥೆಯ ಹರಳನ್ನು ನೆನಪಿಸುವಂತೆ, ಭೌತವಿಜ್ಞಾನದಲ್ಲಿ ‘ಕಾಲ ಸ್ಫಟಿಕ’ ಎಂಬ ಹೆಸರಿನದೇ ಒಂದು ವಸ್ತುಸ್ಥಿತಿಯಿದೆ. ಅದರ ಕಲ್ಪನೆಯನ್ನು 2012ರಲ್ಲಿ ಮುಂದಿಟ್ಟವರು ಫ್ರಾಂಕ್ ವಿಲ್ಚೆಕ್. 2017ರಲ್ಲಿ ಅಮೆರಿಕದ ಎರಡು ತಂಡಗಳು ಅಂಥದೊಂದನ್ನು ಪ್ರಯೋಗಾಲಯದಲ್ಲಿ ತೋರಿಸಿಕೊಟ್ಟವು. ಮಾಮೂಲಿ ಹರಳಿನ ವಿನ್ಯಾಸ ಜಾಗದಲ್ಲಿ ಮರುಕಳಿಸಿದರೆ ಅದರ ವಿನ್ಯಾಸ ಕಾಲದಲ್ಲಿ ಮರುಕಳಿಸುತ್ತದೆ. ಅದು ಹೊರಗಡೆಗೆ ಶಕ್ತಿ ಕೊಡುವುದಿಲ್ಲ, ಹಿಂದಿನ ಕಾಲವನ್ನು ನೆನಪಿಡುವುದೂ ಇಲ್ಲ. ಇನ್ನು ಮಾಮೂಲಿ ಸ್ಫಟಿಕದ ಮಾತಿಗೆ ಬಂದರೆ, ಜಾತ್ರೆಯಲ್ಲಿ ಕೊಂಡ ಮಾಲೆಯನ್ನು ಭಕ್ತಿಯಿಂದ ಧರಿಸುವುದು ಅವರವರ ನಂಬಿಕೆ. ಅದರಿಂದ ಮೈಗೆ ಶಕ್ತಿ ಹರಿದುಬರುತ್ತದೆ ಎಂಬ ಮಾರಾಟದ ಮಾತಿಗೆ ಮಾತ್ರ ಆಧಾರವಿಲ್ಲ. ಹರಳಿನೊಳಗೆ ಶಕ್ತಿ ಸೇರುವುದು ಬೇರೆಯೇ ರೀತಿಯಲ್ಲಿ, ಅದೂ ಮಣ್ಣಿನ ಕತ್ತಲೆಯಲ್ಲಿ.

ಗಳಿಗೆ ಬಟ್ಟಲಿನ ಲೆಕ್ಕ

ಗಡಿಯಾರ ಬರುವ ಮೊದಲು ಮದುವೆಯ ಮುಹೂರ್ತ ಅಳೆಯಲು ಗಳಿಗೆ ಬಟ್ಟಲು ಇರುತ್ತಿತ್ತು. ತಳದಲ್ಲಿ ಸೂಜಿಮೊನೆಯಷ್ಟು ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಹಂಡೆಯಲ್ಲಿ ತೇಲಿಬಿಡುತ್ತಿದ್ದರು. ನೀರು ಸಣ್ಣಗೆ ಒಳಬಂದು ಬಟ್ಟಲು ತುಂಬಿ ಮುಳುಗಿದರೆ ಒಂದು ಗಳಿಗೆ, ಅಂದರೆ 24 ನಿಮಿಷ. ನೀರು ಒಳಬರುವ ವೇಗ ಗೊತ್ತಿದ್ದು, ಒಳಗಿರುವ ನೀರೆಷ್ಟೆಂದು ಅಳೆದರೆ ಬಟ್ಟಲನ್ನು ತೇಲಿಬಿಟ್ಟು ಎಷ್ಟು ಹೊತ್ತಾಯಿತೆಂದು ಹೇಳಬಹುದು. ಬಟ್ಟಲನ್ನು ಎತ್ತಿ ಸುರಿದರೆ ಲೆಕ್ಕ ಮತ್ತೆ ಸೊನ್ನೆಯಿಂದ ಶುರು.

ಉಸುಕಿನ ಕಣ ಮಾಡುವುದು ಇದನ್ನೇ. ಮಣ್ಣಿನಲ್ಲಿ ಯುರೇನಿಯಂ, ಥೋರಿಯಂ ಮತ್ತು ಪೊಟ್ಯಾಸಿಯಂನ ಒಂದು ಬಗೆ ಅತಿ ಕಡಿಮೆ ಪ್ರಮಾಣದಲ್ಲಿ ಎಲ್ಲೆಲ್ಲೂ ಇವೆ. ಅವುಗಳಿಂದ ವಿಕಿರಣ ಸದಾ ಹೊಮ್ಮುತ್ತಿರುತ್ತದೆ; ಬಾಹ್ಯಾಕಾಶದಿಂದ ಬರುವ ವಿಶ್ವಕಿರಣಗಳೂ ಅದಕ್ಕೆ ಸೇರುತ್ತವೆ. ಈ ವಿಕಿರಣ ಹೂತುಹೋದ ಕ್ವಾರ್ಟ್ಜ್ ಕಣವನ್ನು ಹಾಯುವಾಗ ಅಲ್ಲಿನ ಎಲೆಕ್ಟ್ರಾನುಗಳು ತಮ್ಮ ಜಾಗ ಬಿಟ್ಟು ಸಿಡಿಯುತ್ತವೆ. ಬಹುಪಾಲು ಎಲೆಕ್ಟ್ರಾನುಗಳು ಕೂಡಲೇ ಹಿಂತಿರುಗುತ್ತವೆ. ಕೆಲವು ಮಾತ್ರ ಹರಳಿನ ಕಟ್ಟಡದಲ್ಲಿರುವ ಊನಗಳಲ್ಲಿ ಸಿಕ್ಕಿಬೀಳುತ್ತವೆ. ಒಂದು ಆಮ್ಲಜನಕದ ಪರಮಾಣು ಇರಬೇಕಾದಲ್ಲಿ ಇರದಿರುವುದು, ಸಿಲಿಕಾನಿನ ಜಾಗದಲ್ಲಿ ಅಲ್ಯುಮಿನಿಯಂ ಕೂತಿರುವುದು ಇಂಥ ಊನಗಳು. ಊನವಿಲ್ಲದ ಪರಿಪೂರ್ಣ ಹರಳಿಗೆ ಈ ನೆನಪಿನ ಶಕ್ತಿ ಇರುವುದಿಲ್ಲ. ವರ್ಷ ಕಳೆದಷ್ಟೂ ಸಿಕ್ಕಿಬಿದ್ದ ಎಲೆಕ್ಟ್ರಾನುಗಳು ಹೆಚ್ಚುತ್ತವೆ, ಅವುಗಳ ಜೊತೆ ಕೂಡಿಟ್ಟ ಶಕ್ತಿಯೂ ಹೆಚ್ಚುತ್ತದೆ.

ಬಟ್ಟಲನ್ನು ಸುರಿಯುವವನು ಸೂರ್ಯ. ಹೊಳೆಯ ಉಸುಕು ಬಿಸಿಲಿಗೆ ಕೆಲವು ನಿಮಿಷ ಮೈಯೊಡ್ಡಿದರೆ ಸಾಕು, ಬೆಳಕಿನ ಹೊಡೆತಕ್ಕೆ ಎಲೆಕ್ಟ್ರಾನುಗಳು ಬಿಡುಗಡೆಯಾಗಿ ಕಣ ಖಾಲಿಯಾಗುತ್ತದೆ. ಮುಂದಿನ ನೆರೆ ಅದರ ಮೇಲೆ ಹೊಸ ಪದರ ಹೊದಿಸಿ ಕತ್ತಲು ಮಾಡಿದ ಕ್ಷಣದಿಂದ ಲೆಕ್ಕ ಹೊಸದಾಗಿ ಶುರುವಾಗುತ್ತದೆ. ಆದ್ದರಿಂದ ಈ ಹರಳು ಹೇಳುವುದು ತಾನು ಹುಟ್ಟಿದ ಕಾಲವನ್ನಲ್ಲ, ತಾನು ಕೊನೆಯ ಸಲ ಬಿಸಿಲು ಕಂಡ ಕಾಲವನ್ನು. ಬೆಂಕಿಯೂ ಬಿಸಿಲಿನಂತೆಯೇ ಕೆಲಸ ಮಾಡುತ್ತದೆ. ಕುಂಬಾರರ ಆವಿಗೆಯಲ್ಲಿ ಸುಟ್ಟಾಗ ಮಡಕೆಯ ಮಣ್ಣಿನಲ್ಲಿದ್ದ ಕಣಗಳು ಖಾಲಿಯಾಗುತ್ತವೆ. ಹಾಳೂರಿನ ದಿಬ್ಬದಲ್ಲಿ ಸಿಕ್ಕ ಬೋಕಿ ಚೂರು ತನ್ನನ್ನು ಸುಟ್ಟ ಕಾಲವನ್ನು ಇಂದಿಗೂ ಹೇಳಬಲ್ಲದು.

ಲೆಕ್ಕ ಸರಳ. ಕಣದೊಳಗೆ ಸೇರಿದ ಒಟ್ಟು ವಿಕಿರಣವನ್ನು ವರ್ಷಕ್ಕೆ ಸೇರುವ ವಿಕಿರಣದಿಂದ ಭಾಗಿಸಬೇಕು. ಈ ವಿಕಿರಣದ ಅಳತೆಮಾನ ಗ್ರೇ. ಸಾವಿರ ವರ್ಷಕ್ಕೆ ಎರಡು ಗ್ರೇ ಸೇರುವ ಜಾಗದಲ್ಲಿ ಕಣದೊಳಗೆ ಇಪ್ಪತ್ತು ಗ್ರೇ ಸಿಕ್ಕರೆ ಆ ಪದರ ಹೂತು ಹತ್ತು ಸಾವಿರ ವರ್ಷವಾಗಿದೆ. ಊನಗಳೆಲ್ಲ ತುಂಬಿದ ಮೇಲೆ ಲೆಕ್ಕ ನಿಲ್ಲುತ್ತದೆ. ಹಾಗಾಗಿ ಕ್ವಾರ್ಟ್ಜ್ ಸಾಮಾನ್ಯವಾಗಿ ಒಂದೆರಡು ಲಕ್ಷ ವರ್ಷಗಳವರೆಗೆ ಮಾತ್ರ ನಂಬಿಕಸ್ಥ ಸಾಕ್ಷಿ. ಅದಕ್ಕೂ ಹಿಂದೆ ಹೋಗಲು ಫೆಲ್ಡ್‌ಸ್ಪಾರ್ ಎಂಬ ಇನ್ನೊಂದು ಖನಿಜದ ನೆರವು ಬೇಕು.

ಸವದತ್ತಿಯ ಕಲ್ಲು, ಮುನವಳ್ಳಿಯ ಉಸುಕು

ಮಲಪ್ರಭೆ ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟಿ, 304 ಕಿಲೋಮೀಟರ್ ಹರಿದು ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುತ್ತದೆ. ಮುನವಳ್ಳಿಗೆ ಸ್ವಲ್ಪ ಮೇಲೆ, ನವಿಲುತೀರ್ಥದಲ್ಲಿ, ಅದಕ್ಕೆ ಗಟ್ಟಿಯಾದ ಗುಡ್ಡದ ಸಾಲೊಂದು ಅಡ್ಡ ಬರುತ್ತದೆ. ಹೊಳೆ ಆ ಗುಡ್ಡವನ್ನು ಸೀಳಿ ಕಂದರ ಮಾಡಿಕೊಂಡು ಹೊರಬಂದಿದೆ. ಅದೇ ಕಂದರಕ್ಕೆ ಅಣೆಕಟ್ಟು ಕಟ್ಟಿ ರೇಣುಕಾಸಾಗರ ಜಲಾಶಯ ಮಾಡಿದ್ದಾರೆ. ಅದರ ಸಾಮರ್ಥ್ಯ 37.73 ಟಿಎಂಸಿ.

ಆ ಗುಡ್ಡದ ಕಲ್ಲು ಹೆಚ್ಚುಕಡಿಮೆ ಬರೀ ಕ್ವಾರ್ಟ್ಜ್. ನೂರು ಕೋಟಿ ವರ್ಷಕ್ಕೂ ಹಿಂದೆ ಇಲ್ಲಿ ಆಳವಿಲ್ಲದ ಕಡಲಿತ್ತು. ಅದರ ತೀರದ ಉಸುಕು ಒತ್ತಡಕ್ಕೆ ಸಿಕ್ಕಿ, ಕಣಕ್ಕೆ ಕಣ ಬೆಸೆದು ಕ್ವಾರ್ಟ್ಜೈಟ್ ಕಲ್ಲಾಯಿತು. ಅಂದಿನ ಅಲೆಗಳು ಉಸುಕಿನ ಮೇಲೆ ಬಿಟ್ಟುಹೋದ ಗೆರೆಗಳು ಇಂದಿಗೂ ಬಂಡೆಯ ಮೇಲೆ ಮೂಡಿಕೊಂಡೇ ಇವೆ. ಕಲಾದಗಿ ಶಿಲಾಸ್ತರಗಳ ಪಟ್ಟಿಯಲ್ಲಿ ಈ ಪದರದ ಹೆಸರು ‘ಸವದತ್ತಿ ಕ್ವಾರ್ಟ್ಜೈಟ್’. ಅದೇ ಪಟ್ಟಿಯಲ್ಲಿ ಮುನವಳ್ಳಿಯ ಹೆಸರೂ ಇದೆ. ಬ್ರಿಟಿಷರ ಕಾಲದ ದಾಖಲೆಗಳಲ್ಲಿ ಊರನ್ನು ಮನೋಳಿ ಎಂದು ಬರೆಯುತ್ತಿದ್ದರು. ಕಡಲ ಕೆಸರು ಗಟ್ಟಿಯಾಗಿ ಆದ ಒಂದು ಪದರಕ್ಕೆ ‘ಮನೋಳಿ ಆರ್ಜಿಲೈಟ್’ ಎಂದೇ ಹೆಸರಾಗಿದೆ. ಇನ್ನೂ ಕೆಳಗೆ ರಾಮದುರ್ಗದ ಗುಡ್ಡಗಳಲ್ಲಿ, ಓರೆಯಾಗಿ ಮಲಗಿದ ಹಳೆಯ ಪದರಗಳ ಮೇಲೆ ಹೊಸ ಪದರಗಳು ಮಟ್ಟಸವಾಗಿ ಕೂತಿರುವುದನ್ನು ಕಾಣಬಹುದು. ಅವೆರಡರ ನಡುವಿನ ಗೆರೆಯಲ್ಲಿ ಕೋಟಿ ಕೋಟಿ ವರ್ಷಗಳು ಕಳೆದುಹೋಗಿವೆ. ಭೂವಿಜ್ಞಾನದ ವಿದ್ಯಾರ್ಥಿಗಳು ಅದನ್ನು ನೋಡಲೆಂದೇ ರಾಮದುರ್ಗಕ್ಕೆ ಬರುತ್ತಾರೆ.

ಮುನವಳ್ಳಿಯ ಹೊಳೆಯಲ್ಲಿರುವ ಒಂದು ಕಣದ ದಾರಿಯನ್ನು ಹೀಗೆ ಊಹಿಸಬಹುದು. ಮೊದಲು ಅದು ಕರಗಿದ ಶಿಲಾಪಾಕದಿಂದ ಹುಟ್ಟಿದ ಗ್ರಾನೈಟಿನೊಳಗಿತ್ತು. ಅಲ್ಲಿಂದ ಸವೆದು ಕಲಾದಗಿ ಕಡಲಿನ ತೀರ ಸೇರಿತು, ಕಲ್ಲಾಯಿತು. ಗುಡ್ಡವಾಗಿ ಎದ್ದು ಮತ್ತೆ ಸವೆದು ಮಲಪ್ರಭೆಗೆ ಬಿತ್ತು. ಮೊದಲ ಜನ್ಮಗಳ ವಯಸ್ಸು ತಿಳಿಯಲು ಅದೇ ಉಸುಕಿನಲ್ಲಿ ಬೆರೆತಿರುವ ಜಿರ್ಕಾನ್ ಹರಳು ಬೇಕು. ಜಿರ್ಕಾನ್ ಹುಟ್ಟುವಾಗಲೇ ಯುರೇನಿಯಂ ಅನ್ನು ಒಳಗೆ ಸೇರಿಸಿಕೊಳ್ಳುತ್ತದೆ, ಸೀಸವನ್ನು ಹೊರಗಿಡುತ್ತದೆ. ಯುರೇನಿಯಂ 238ರ ಅರ್ಧ ಭಾಗ ಸೀಸವಾಗಲು 447 ಕೋಟಿ ವರ್ಷ ಹಿಡಿಯುವುದರಿಂದ, ಒಳಗೆ ಎಷ್ಟು ಸೀಸವಿದೆ ಎಂಬುದರ ಮೇಲೆ ಹರಳಿನ ವಯಸ್ಸು ಲೆಕ್ಕಕ್ಕೆ ಸಿಗುತ್ತದೆ. ಆಸ್ಟ್ರೇಲಿಯಾದ ಜಾಕ್ ಹಿಲ್ಸ್‌ನ ಜಿರ್ಕಾನ್ ಒಂದರ ವಯಸ್ಸು 440 ಕೋಟಿ ವರ್ಷ. ಕೋಟಿಗಳ ಲೆಕ್ಕಕ್ಕೆ ಜಿರ್ಕಾನ್, ಮನುಷ್ಯರು ಬಂದ ಮೇಲಿನ ಸಾವಿರ ಲಕ್ಷಗಳ ಲೆಕ್ಕಕ್ಕೆ ಕ್ವಾರ್ಟ್ಜ್. ಎರಡೂ ಒಂದೇ ಹಿಡಿ ಉಸುಕಿನಲ್ಲಿ ಇರಬಲ್ಲವು.

ಕತ್ತಲೆಯಲ್ಲಿ ಓದುವ ವಿದ್ಯೆ

ಈ ಲೆಕ್ಕ ಓದುವವರು ಹೊಳೆಯ ದಂಡೆ ಕೊರೆದು ನಿಂತ ಜಾಗದಲ್ಲಿ ಮೇಲಿನ ಮಣ್ಣು ಕೆರೆದು ಹೊಸ ಮೈ ತೆರೆಯುತ್ತಾರೆ. ಉಕ್ಕಿನ ಕೊಳವೆಯನ್ನು ಪದರದೊಳಕ್ಕೆ ಬಡಿದು ಇಳಿಸಿ, ಬೆಳಕು ತಾಗದಂತೆ ಎರಡೂ ತುದಿ ಮುಚ್ಚಿ, ಕಪ್ಪು ಹಾಳೆಯಲ್ಲಿ ಸುತ್ತುತ್ತಾರೆ. ಪ್ರಯೋಗಾಲಯದಲ್ಲಿ ಮಂದ ಕೆಂಪು ದೀಪ ಮಾತ್ರ ಉರಿಯುತ್ತಿರುತ್ತದೆ. ತುದಿಗಳ ಮಣ್ಣನ್ನು ಬೇರೆ ತೆಗೆದು, ನಡುವಿನ ಉಸುಕನ್ನು ಆಮ್ಲಗಳಲ್ಲಿ ತೊಳೆದು ಶುದ್ಧ ಕ್ವಾರ್ಟ್ಜ್ ಉಳಿಸಿಕೊಳ್ಳುತ್ತಾರೆ. ಅದರ ಮೇಲೆ ನೀಲಿ ಬೆಳಕು ಹಾಯಿಸಿದಾಗ ಸಿಕ್ಕಿಬಿದ್ದಿದ್ದ ಎಲೆಕ್ಟ್ರಾನುಗಳು ಬಿಡುಗಡೆಯಾಗಿ, ಕೂಡಿಟ್ಟ ಶಕ್ತಿ ನೇರಳಾತೀತ ಬೆಳಕಾಗಿ ಹೊರಬೀಳುತ್ತದೆ. ಕಣ್ಣಿಗೆ ಕಾಣದ ಆ ಮಿನುಗನ್ನು ಯಂತ್ರ ಎಣಿಸುತ್ತದೆ. ಬಳಿಕ ಅದೇ ಕಣಗಳಿಗೆ ಗೊತ್ತಿರುವಷ್ಟು ವಿಕಿರಣ ಕೊಟ್ಟು, ಎಷ್ಟು ಕೊಟ್ಟರೆ ಅಷ್ಟೇ ಬೆಳಕು ಬರುತ್ತದೆ ಎಂದು ಹೋಲಿಸಿ ನೋಡುತ್ತಾರೆ.

ತೊಡಕುಗಳೂ ಇವೆ. ಕೆಂಪು ನೆರೆಯ ನೀರಿನಲ್ಲಿ, ಅದೂ ರಾತ್ರಿ ಹೊತ್ತಿನಲ್ಲಿ ಬಂದ ಉಸುಕು ಪೂರ್ತಿ ಬಿಸಿಲು ಕಾಣದೆಯೇ ಹೂತಿರಬಹುದು. ಆಗ ಹಳೆಯ ಲೆಕ್ಕದ ಒಂದಿಷ್ಟು ಉಳಿದು ವಯಸ್ಸು ಹೆಚ್ಚು ತೋರುತ್ತದೆ. ಅದಕ್ಕಾಗಿ ಕಣಗಳನ್ನು ಒಂದೊಂದಾಗಿ ಅಳೆಯುವ ಕ್ರಮ ಬಂದಿದೆ. ಮಣ್ಣಿನಲ್ಲಿದ್ದ ನೀರು ವಿಕಿರಣವನ್ನು ಹೀರಿಕೊಳ್ಳುವುದರಿಂದ ತೇವವನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ಬೆಳಕಿನಿಂದ ಉಸುಕಿನ ವಯಸ್ಸು ಹೇಳುವ ಈ ಕ್ರಮವನ್ನು 1985ರಲ್ಲಿ ಕೆನಡಾದ ಡೇವಿಡ್ ಹಂಟ್ಲಿ ಮತ್ತು ಸಂಗಡಿಗರು ಮುಂದಿಟ್ಟರು. ಅದಕ್ಕೂ ಮೊದಲು, ಕಾಯಿಸಿ ಬೆಳಕು ಹೊರಡಿಸುವ ಕ್ರಮದಿಂದ ರಾಜಸ್ಥಾನದ ಮರಳುದಿಬ್ಬಗಳ ವಯಸ್ಸನ್ನು ಅಳೆದ ಅಶೋಕ್ ಸಿಂಘ್ವಿ ಮತ್ತು ಸಂಗಡಿಗರ ಅಧ್ಯಯನ 1982ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬಂದಿತ್ತು. ಸಿಂಘ್ವಿ ಕೆಲಸ ಮಾಡಿದ ಅಹಮದಾಬಾದಿನ ಭೌತ ಸಂಶೋಧನಾ ಪ್ರಯೋಗಾಲಯ ಈ ವಿದ್ಯೆಯಲ್ಲಿ ಜಗತ್ತಿನ ಮುಂಚೂಣಿಯಲ್ಲಿದೆ.

ದಂಡೆಯಲ್ಲಿ ಕಲ್ಲು ಕೆತ್ತಿದವರು

ಮಲಪ್ರಭೆಯ ಕಣಿವೆಗೆ ಈ ವಿದ್ಯೆ ಏಕೆ ಮುಖ್ಯ ಎಂಬುದಕ್ಕೆ ಇಲ್ಲಿನ ಪ್ರಾಚೀನತೆಯೇ ಉತ್ತರ. ರಾಬರ್ಟ್ ಬ್ರೂಸ್ ಫೂಟ್ ಎಂಬ ಭೂವಿಜ್ಞಾನಿ 1863ರಲ್ಲಿ ಮದ್ರಾಸಿನ ಪಲ್ಲಾವರಂನಲ್ಲಿ ಭಾರತದ ಮೊದಲ ಹಳೆ ಶಿಲಾಯುಗದ ಆಯುಧವನ್ನು ಗುರುತಿಸಿದರು. ಮುಂದೆ ಬೆಳಗಾವಿ, ಕಲಾದಗಿ ಸೀಮೆಯನ್ನು ಸುತ್ತಿ, ಮಲಪ್ರಭೆಯ ಕಣಿವೆಯಲ್ಲೂ ಅಂಥ ಆಯುಧಗಳನ್ನು ಕಂಡು, 1876ರಲ್ಲಿ ಈ ಪ್ರದೇಶದ ಭೂರಚನೆಯ ಬಗ್ಗೆ ದೊಡ್ಡ ವರದಿ ಬರೆದರು. ಗೋಕಾಕ ಬಳಿ ಸಿಕ್ಕ, ಅಳಿದುಹೋದ ಘೇಂಡಾಮೃಗದ ಅವಶೇಷವನ್ನು ವಿವರಿಸಿದವರೂ ಅವರೇ. 1955ರಲ್ಲಿ ಆರ್. ವಿ. ಜೋಶಿಯವರು ಮಲಪ್ರಭಾ ಕೊಳ್ಳದ ಬಗ್ಗೆಯೇ ಒಂದು ಇಡೀ ಗ್ರಂಥ ಪ್ರಕಟಿಸಿದರು. ಈ ಕಣಿವೆಯ ಖ್ಯಾಡ ಎಂಬ ಊರಿನ ಹಳೆ ಶಿಲಾಯುಗದ ನೆಲೆ ಅದರಿಂದ ಹೆಸರಾಯಿತು. ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದ ರವಿ ಕೋರಿಶೆಟ್ಟರ್ ಮತ್ತು ಮೈಕೆಲ್ ಪೆಟ್ರಾಗ್ಲಿಯಾ ಅವರು ಸಂಗಡಿಗರೊಂದಿಗೆ ಇದೇ ಕಣಿವೆಯ ಲಖಮಾಪುರದ ನೆಲೆಗಳನ್ನು ಅಭ್ಯಾಸ ಮಾಡಿದರು. ಇಲ್ಲಿನ ಆದಿಮಾನವರು ಕೈಗೊಡಲಿ ಕೆತ್ತಲು ಆರಿಸಿಕೊಂಡದ್ದು ಸವದತ್ತಿ, ಬಾದಾಮಿ ಗುಡ್ಡಗಳ ಅದೇ ಕ್ವಾರ್ಟ್ಜೈಟ್ ಜಾತಿಯ ಕಲ್ಲನ್ನು.

ಕೈಗೊಡಲಿಯ ಕಲ್ಲಿನ ವಯಸ್ಸು ಸುಮಾರು ನೂರು ಕೋಟಿ ವರ್ಷ. ಅದನ್ನು ಕೆತ್ತಿದ ಕಾಲ ಯಾವುದೆಂದು ಕಲ್ಲು ಹೇಳುವುದಿಲ್ಲ. ಅದು ಬಿದ್ದ ಮೇಲೆ ಅದನ್ನು ಮುಚ್ಚಿದ ಉಸುಕು ಹೇಳುತ್ತದೆ. ಕರ್ನೂಲು ಸೀಮೆಯ ಜ್ವಾಲಾಪುರಂನಲ್ಲಿ ಕೋರಿಶೆಟ್ಟರ್ ಮತ್ತು ಪೆಟ್ರಾಗ್ಲಿಯಾ ತಂಡ 2007ರಲ್ಲಿ ಇದನ್ನು ತೋರಿಸಿಕೊಟ್ಟಿತು. ಸುಮಾರು 74 ಸಾವಿರ ವರ್ಷಗಳ ಹಿಂದೆ ಇಂಡೊನೇಷ್ಯಾದ ಟೋಬಾ ಜ್ವಾಲಾಮುಖಿ ಸಿಡಿದಾಗ ಹಾರಿಬಂದ ಬೂದಿಯ ಕೆಳಗೂ ಮೇಲೂ ಆಯುಧಗಳು ಸಿಕ್ಕವು. ಆ ಪದರಗಳ ಕಾಲವನ್ನು ಹೇಳಿದ್ದು ಖನಿಜ ಕಣಗಳ ಬೆಳಕು. ಫೂಟ್ 1863ರಲ್ಲೇ ಕಂಡಿದ್ದ ತಮಿಳುನಾಡಿನ ಅತ್ತಿರಂಪಾಕ್ಕಂನಲ್ಲಿ ಶಾಂತಿ ಪಪ್ಪು, ಕುಮಾರ್ ಅಖಿಲೇಶ್ ಮತ್ತು ಸಿಂಘ್ವಿ ಅವರ ತಂಡ ಫೆಲ್ಡ್‌ಸ್ಪಾರ್ ಕಣಗಳನ್ನು ಓದಿ, ಮಧ್ಯ ಹಳೆ ಶಿಲಾಯುಗದ ಕುಶಲತೆ ಅಲ್ಲಿ ಸುಮಾರು 3 ಲಕ್ಷ 85 ಸಾವಿರ ವರ್ಷಗಳ ಹಿಂದೆಯೇ ಮೂಡಿತ್ತೆಂದು 2018ರಲ್ಲಿ ಪ್ರಕಟಿಸಿತು. ಆ ಪದರಗಳನ್ನು ಯಾರಾದರೂ ಮೊದಲೇ ಅಗೆದು ಸಾಗಿಸಿದ್ದರೆ ಆಯುಧಗಳು ಉಳಿಯುತ್ತಿದ್ದವು, ಕಾಲ ಹೋಗುತ್ತಿತ್ತು.

ನೆರೆಯ ನೆನಪು

ಮುನವಳ್ಳಿಯವರಿಗೆ ಈ ವಿಚಾರ ದೂರದ್ದಲ್ಲ. 2019ರ ಆಗಸ್ಟ್‌ನಲ್ಲಿ ನವಿಲುತೀರ್ಥದಿಂದ ಹರಿದುಬಂದ ನೀರು ಮುನವಳ್ಳಿ, ರಾಮದುರ್ಗ, ಬಾದಾಮಿ, ನರಗುಂದ ಸೀಮೆಯ ದಂಡೆಯೂರುಗಳಿಗೆ ನುಗ್ಗಿ ಮನೆ, ಬೆಳೆ, ದನಕರುಗಳನ್ನು ಕೊಚ್ಚಿಕೊಂಡು ಹೋದ ನೆನಪು ಇನ್ನೂ ಹಸಿಯಾಗಿದೆ. ಇಂಥ ನೆರೆ ಎಷ್ಟು ವರ್ಷಕ್ಕೊಮ್ಮೆ ಬರುತ್ತದೆ? ಅಣೆಕಟ್ಟಿನ ದಾಖಲೆ ಸುಮಾರು ಐವತ್ತು ವರ್ಷದ್ದು. ಪಂಚಲಿಂಗೇಶ್ವರ ದೇವಾಲಯವಿರುವ ಮುನವಳ್ಳಿಯ ಶಾಸನಗಳು ಸೇವುಣ ಅರಸರ ಕಾಲಕ್ಕೆ, ಎಂಟುನೂರು ವರ್ಷದ ಹಿಂದಕ್ಕೆ ಹೋಗುತ್ತವೆ. ಆದರೆ ಅವು ದತ್ತಿದಾನಗಳ ದಾಖಲೆಗಳು, ನೆರೆಯವಲ್ಲ. 1800ರ ಜುಲೈ 30ರಂದು ಬ್ರಿಟಿಷ್ ಕರ್ನಲ್ ವೆಲ್ಲೆಸ್ಲಿಯ ಸೇನೆ, ಬ್ರಿಟಿಷರ ವಿರುದ್ಧ ದಂಗೆಯೆದ್ದಿದ್ದ ಧೋಂಡಿಯಾ ವಾಘ್‌ನ ಪಾಳೆಯದ ಮೇಲೆ ಇದೇ ಮುನವಳ್ಳಿಯ ಬಳಿ ಎರಗಿದಾಗ ಅನೇಕರು ಮಳೆಗಾಲದ ಮಲಪ್ರಭೆಗೆ ಬಿದ್ದು ಸತ್ತರೆಂದು ಸೇನಾ ಪತ್ರಗಳು ಹೇಳುತ್ತವೆ. ಕಾಗದದಲ್ಲಿ ನೆರೆಯ ಸುದ್ದಿ ಹೀಗೆ ಯುದ್ಧದ ನೆಪದಲ್ಲಿ ಎಲ್ಲೋ ಒಮ್ಮೆ ಬರುತ್ತದೆ.

ಉಸುಕಿನಲ್ಲಿ ಹಾಗಲ್ಲ. ದೊಡ್ಡ ನೆರೆ ಬಂದಾಗಲೆಲ್ಲ ಕಂದರದ ಮರೆಗಳಲ್ಲಿ, ಹಳ್ಳಗಳು ಹೊಳೆ ಸೇರುವ ಬಾಯಿಗಳಲ್ಲಿ ನೀರು ನಿಂತು ನುಣುಪು ಉಸುಕಿನ ಪದರ ಬಿಡುತ್ತದೆ. ಪದರ ಇರುವ ಎತ್ತರ ನೆರೆಯ ಮಟ್ಟವನ್ನು ಹೇಳುತ್ತದೆ, ಅದರ ಕಣಗಳು ನೆರೆ ಬಂದ ಕಾಲವನ್ನು ಹೇಳುತ್ತವೆ. ಪುಣೆಯ ವಿಶ್ವಾಸ್ ಕಾಳೆಯವರು ಸಂಗಡಿಗರೊಂದಿಗೆ ನರ್ಮದೆಯ ಇಂಥ ಪದರಗಳನ್ನು ಅಭ್ಯಾಸ ಮಾಡಿ ಸಾವಿರಾರು ವರ್ಷಗಳ ನೆರೆಗಳ ಚರಿತ್ರೆ ಕಟ್ಟಿದ್ದಾರೆ. ಮನೆ ಎಲ್ಲಿ ಕಟ್ಟಬೇಕು, ಶಾಲೆ ಎಷ್ಟು ಎತ್ತರದಲ್ಲಿರಬೇಕು, ಸೇತುವೆಗೆ ಎಷ್ಟು ಬಾಯಿ ಬಿಡಬೇಕು ಎಂದು ತೀರ್ಮಾನಿಸುವವರಿಗೆ ಐವತ್ತು ವರ್ಷದ ಲೆಕ್ಕಕ್ಕಿಂತ ಅಂಥ ಚರಿತ್ರೆ ಹೆಚ್ಚು ಉಪಯೋಗದ್ದು.

ಉಸುಕಿನ ಗಣಿಗಾರಿಕೆಯನ್ನು ಈ ಕಡೆಯಿಂದಲೂ ನೋಡಬೇಕು. ಅಂತರ್ಜಲ ಇಳಿಯುತ್ತದೆ, ದಂಡೆ ಕುಸಿಯುತ್ತದೆ, ಸೇತುವೆಯ ಬುಡ ಸಡಿಲವಾಗುತ್ತದೆ ಎಂಬ ಮಾತುಗಳು ಎಲ್ಲರಿಗೂ ಗೊತ್ತು, ಅವು ಸತ್ಯ. ಇನ್ನೊಂದು ನಷ್ಟದ ಬಗ್ಗೆ ಯಾರೂ ಮಾತಾಡುವುದಿಲ್ಲ. ದಂಡೆಯ ಹಳೆಯ ಪದರವನ್ನು ಜೆಸಿಬಿ ಬಾಚಿ ಟಿಪ್ಪರಿಗೆ ಸುರಿಯುವಷ್ಟರಲ್ಲಿ ಹತ್ತು ಸಾವಿರ ವರ್ಷ ಕೂಡಿದ ಲೆಕ್ಕ ಬಿಸಿಲಿಗೆ ಬಿದ್ದು ಸೊನ್ನೆಯಾಗುತ್ತದೆ. ಗುಡಿಯ ಕಲ್ಲು ಕದ್ದುಹೋದರೆ ಪೊಲೀಸ್ ದೂರು ಕೊಡುತ್ತೇವೆ, ಒಮ್ಮೊಮ್ಮೆ ಅದು ಮರಳಿ ಸಿಗುವುದೂ ಉಂಟು. ಬೆಳಕಿಗೆ ಬಿದ್ದ ಉಸುಕಿನ ನೆನಪನ್ನು ಯಾವ ಠಾಣೆಯೂ ಹುಡುಕಿಕೊಡಲಾರದು. ಮನೆ ಕಟ್ಟಲು ಉಸುಕು ಬೇಕು ಎಂಬುದು ದಿಟ. ಪ್ರತಿ ಮಳೆಗಾಲ ಹೊಳೆ ಹೊತ್ತು ತರುವ ಪಾತ್ರದ ಹೊಸ ಉಸುಕು ಬೇರೆ, ದಂಡೆಯೊಳಗೆ ಪದರಪದರವಾಗಿ ಕೂತ ಹಳೆಯ ಉಸುಕು ಬೇರೆ. ಎರಡನ್ನೂ ಒಂದೇ ಎಂದು ಹರಾಜು ಹಾಕುವುದು ತಪ್ಪು.

ಮಾಡಬೇಕಾದದ್ದು ದೊಡ್ಡ ಖರ್ಚಿನದೇನಲ್ಲ. ನವಿಲುತೀರ್ಥದ ಕಂದರದಿಂದ ರಾಮದುರ್ಗದವರೆಗೆ ದಂಡೆಯ ಹಳೆಯ ಪದರಗಳು ಎಲ್ಲಿ ಕೆಡದೆ ಉಳಿದಿವೆ ಎಂದು ಒಂದು ನಕ್ಷೆ ಆಗಬೇಕು. ಭೂವಿಜ್ಞಾನ ಮತ್ತು ಪುರಾತತ್ವದ ವಿಭಾಗಗಳಿರುವ ವಿಶ್ವವಿದ್ಯಾಲಯ ಧಾರವಾಡದಲ್ಲೇ ಇದೆ. ನಕ್ಷೆ ಮಾಡುವ ವಿದ್ಯಾರ್ಥಿಗಳಿಗೆ ಇದು ಕಲಿಕೆಯೂ ಆಗುತ್ತದೆ. ನಕ್ಷೆಯಲ್ಲಿ ಗುರುತಾದ ಜಾಗಗಳನ್ನು ಗಣಿಗಾರಿಕೆಯಿಂದ ಹೊರಗಿಡಲು ಪುರಸಭೆ, ಗ್ರಾಮ ಪಂಚಾಯಿತಿಗಳು ಜಿಲ್ಲಾಡಳಿತವನ್ನು ಕೇಳಬೇಕು. ಬಾವಿ, ಪಾಯ, ಕಾಲುವೆ ತೋಡುವಾಗ ಕೆತ್ತಿದ ಕಲ್ಲೋ ಬೋಕಿಯೋ ಸಿಕ್ಕರೆ ಅದನ್ನು ಎತ್ತಿ ತೊಳೆಯದೆ, ಇದ್ದಲ್ಲೇ ಮಣ್ಣು ಮುಚ್ಚಿ ತಿಳಿದವರನ್ನು ಕರೆಸುವ ರೂಢಿಯನ್ನು ಶಾಲೆಯ ಮಕ್ಕಳಿಗೆ ಕಲಿಸಬೇಕು. ಅಳೆಯುವ ಯಂತ್ರ ಅಹಮದಾಬಾದಿನಲ್ಲಿದ್ದರೂ ನಡೆಯುತ್ತದೆ. ಅಳೆಸಿಕೊಳ್ಳುವ ಪದರ ಮಾತ್ರ ಮುನವಳ್ಳಿಯಲ್ಲೇ, ಹೊಳೆ ಇಟ್ಟ ಜಾಗದಲ್ಲೇ ಇರಬೇಕು. ಅದನ್ನು ಉಳಿಸುವ ಹೊಣೆ ದಂಡೆಯ ಊರುಗಳದ್ದು.